ಯಾವ ಮನೆಯೂ ಆಡಗೊಡದ ಮಾತು

ನನ್ನ ಸಿನಿಮಾಗಳಲ್ಲಿ ಏನೂ ಆಗುವುದಿಲ್ಲ ಎಂಬ ದೂರು ಹಳೆಯದು. ಬೆಂಗಳೂರಿನವರು ಅದನ್ನು ನಯವಾಗಿ ಬರೆದು ಹೇಳುತ್ತಾರೆ, ರಾಯಚೂರಿನವರು ಮುಖಕ್ಕೇ ಹೇಳುತ್ತಾರೆ. ಎಲ್ಲರಿಗಿಂತ ಚೆನ್ನಾಗಿ ಹೇಳಿದವನು ನನ್ನ ಅಣ್ಣ. ಮೊದಲ ಸಿನಿಮಾವನ್ನು ಮಾನ್ವಿಯ ನಮ್ಮ ಮನೆಯ ಪಡಸಾಲೆಯಲ್ಲಿ, ಗೋಡೆಗೆ ಅವನದೇ ಬಿಳಿ ಧೋತರ ಕಟ್ಟಿ ತೋರಿಸಿದ್ದೆ. ಕೊನೆಯವರೆಗೂ ಕದಲದೆ ಕೂತು ನೋಡಿದ. ಲೈಟು ಹಾಕಿದ ಮೇಲೆ ಕೇಳಿದ:

"ತಂಗೀ, ನಿನ್ನ ಪಿಚ್ಚರಿನ್ಯಾಗ ಬರೇ ಚಾ ಕುಡೀತಾರಲ್ಲ. ಯಾರರ ಎದ್ದು ಎಲ್ಲಿಗ್ಯಾರ ಹೋಗಬಾರದೇನು?"

ನನಗೆ ಸಿಟ್ಟು ಬಂತು. ನನ್ನ ಸಿಟ್ಟಿಗೆ ಸಾಮಾನ್ಯವಾಗಿ ಕಾರಣ ಬೇಕಾಗುವುದಿಲ್ಲ. ಅವತ್ತು ಕಾರಣವೂ ಇತ್ತು. ಊಟ ಬಿಟ್ಟು ಮಲಗಿದೆ. ಮರುದಿನ ಬೆಳಿಗ್ಗೆ ನಮ್ಮ ಅಕ್ಕಿ ಗಿರಣಿಗೆ ಬುತ್ತಿ ಕೊಡಲು ಹೋದರೆ, ಅಣ್ಣ ಭತ್ತ ತಂದ ರೈತರ ಮುಂದೆ ಅದೇ ಸಿನಿಮಾ ಹೇಳುತ್ತ ಕೂತಿದ್ದ. ಗಂಡ ಕಪ್ಪನ್ನು ಎಲ್ಲಿಟ್ಟ, ಹೆಂಡತಿ ಅದನ್ನು ಹೇಗೆ ಎತ್ತಲಿಲ್ಲ, ಎತ್ತದಿದ್ದುದನ್ನು ಅವನು ಹೇಗೆ ನೋಡಿದ, ನೋಡಿ ಹೇಗೆ ತಾನೇ ಎದ್ದು ತೊಳೆದಿಟ್ಟ. ನಾನು ತಿಂಗಳುಗಟ್ಟಲೆ ಒದ್ದಾಡಿ ಮಾಡಿದ್ದನ್ನು ಒಂದು ಚೂರೂ ಬಿಡದೆ ಹೇಳಿದ. ರೈತರು ಚೀಲ ಇಳಿಸುವುದನ್ನು ಮರೆತು ಕೇಳುತ್ತಿದ್ದರು. ನಾನು ಬುತ್ತಿ ಇಟ್ಟು ಸದ್ದಿಲ್ಲದೆ ವಾಪಸು ಬಂದೆ. ಆಮೇಲೆ ಯಾರು ಏನು ಬರೆದರೂ ನನಗೆ ಅಷ್ಟಾಗಿ ತಾಗಿಲ್ಲ.

ಇಷ್ಟು ವರ್ಷ ಇಂಥ ಸಣ್ಣ ಸಿನಿಮಾಗಳನ್ನೇ ಮಾಡಿಕೊಂಡು ಬಂದೆ. ಟೇಲರ್ ಅಂಗಡಿಯ ಗಂಡ ಹೆಂಡತಿ, ನಿವೃತ್ತಳಾಗಿ ಮನೆಯಲ್ಲಿ ಏನು ಮಾಡಬೇಕೆಂದು ತಿಳಿಯದ ನರ್ಸಮ್ಮ, ಒಂದೇ ಕೋಣೆಯಲ್ಲಿ ಇದ್ದು ಮಾತು ಬಿಟ್ಟ ಅವ್ವ ಮತ್ತು ಮಗಳು. ಹಾಡಿಲ್ಲ, ಹೊಡೆದಾಟವಿಲ್ಲ. ಮನೆ, ಮನೆಯೊಳಗೆ ಎರಡು ಮೂರು ಜನ, ಅವರ ನಡುವೆ ಏನೋ ಒಂದು. ನನ್ನ ಕೆಲಸದ ರೀತಿಯೂ ಸರಳ. ಯಾರ ಮನೆಯಲ್ಲಿ ಚಿತ್ರೀಕರಣ ಮಾಡಬೇಕೋ ಆ ಮನೆಗೆ ಹೋಗಿ, ಅವರು ನನ್ನನ್ನು ಮರೆಯುವವರೆಗೂ ಸುಮ್ಮನೆ ಕೂಡುತ್ತೇನೆ. ಮಾತುಗಳನ್ನು ಬರೆಯುವುದಿಲ್ಲ. ಹೀಗೆ ಹೀಗೆ ಆಗಿದೆ, ನೀವಾಗಿದ್ದರೆ ಏನು ಅನ್ನುತ್ತಿದ್ದಿರೋ ಅದನ್ನೇ ಅನ್ನಿ ಎನ್ನುತ್ತೇನೆ. ಇಡೀ ಸಿನಿಮಾಕ್ಕೆ ಒಂದೋ ಎರಡೋ ಮಾತು ಮಾತ್ರ ನನ್ನದಿರುತ್ತದೆ. ಅದಿಲ್ಲದಿದ್ದರೆ ಕಥೆ ನಿಲ್ಲುವುದಿಲ್ಲ ಎನ್ನುವಂಥದ್ದು. ಅದನ್ನು ಮಾತ್ರ ಹೇಳಲೇಬೇಕು ಎಂದು ಹಟ ಹಿಡಿಯುತ್ತೇನೆ.

ಆ ಹಟ ಒಮ್ಮೆ ನನ್ನನ್ನು ಜಿಲ್ಲೆಯ ಅರ್ಧ ಭಾಗ ತಿರುಗಿಸಿತು. ಅದನ್ನೇ ಹೇಳಬೇಕೆಂದಿದ್ದೇನೆ.

ಅಪ್ಪ ಅವ್ವ ತೀರಿಕೊಂಡ ಮೇಲೆ ಮಾನ್ವಿಯ ಮನೆಯಲ್ಲಿ ಉಳಿದವರು ಅಣ್ಣ ಮತ್ತು ತಮ್ಮ, ಅವರ ಸಂಸಾರ. ಅಕ್ಕಿ ಗಿರಣಿಯ ವ್ಯವಹಾರ ಅಣ್ಣನದು, ಅದರ ಯಂತ್ರಗಳ ಉಸಾಬರಿ ತಮ್ಮನದು. ಅಡುಗೆ ಒಂದೇ. ನನ್ನನ್ನು ರಾಯಚೂರಿಗೆ ಕೊಟ್ಟಿದ್ದರು. ಗಂಡ ಮೇಷ್ಟ್ರು, ನನ್ನ ಸಿನಿಮಾಗಳನ್ನೂ ಸಿಟ್ಟನ್ನೂ ಒಂದೇ ಸಮಾಧಾನದಿಂದ ಸಹಿಸಿಕೊಂಡ ಮನುಷ್ಯ. ಮನಸ್ಸು ಕೆಟ್ಟಾಗಲೆಲ್ಲ ಬಸ್ಸು ಹತ್ತಿ ಮಾನ್ವಿಗೆ ಹೋಗುತ್ತಿದ್ದೆ. ಹೊಸ್ತಿಲು ದಾಟಿ ಒಳಗೆ ಹೋದರೆ ಅತ್ತಿಗೆ ರೊಟ್ಟಿ ಬಡಿಯುತ್ತಿರುತ್ತಿದ್ದಳು, ಪಕ್ಕದಲ್ಲಿ ತಮ್ಮನ ಹೆಂಡತಿ ಸುಡುತ್ತಿರುತ್ತಿದ್ದಳು. ನಾನು ಗೋಡೆಗೆ ಒರಗಿ ಕೂತು, ಬಿಸಿ ರೊಟ್ಟಿಗೆ ಶೇಂಗಾದ ಹಿಂಡಿ ಹಚ್ಚಿಕೊಂಡು ತಿನ್ನುತ್ತ, ಊರವರನ್ನೆಲ್ಲ ಬೈಯುತ್ತಿದ್ದೆ. ತವರು ಎಂದರೆ ನನಗೆ ಅದು.

ತಮ್ಮನ ಹೆಂಡತಿಗೆ ರಾಯಚೂರಿನ ಶಾಲೆಯಲ್ಲಿ ಟೀಚರ್ ಕೆಲಸ ಸಿಕ್ಕಿದ ಮೇಲೆ ಆಕೆ ದಿನಾ ಬಸ್ಸಿನಲ್ಲಿ ಓಡಾಡತೊಡಗಿದಳು. ಒಂದು ಸಂಜೆ ರಾಯಚೂರು ಬಸ್‌ಸ್ಟ್ಯಾಂಡಿನಲ್ಲಿ ಆಕೆಯನ್ನು ಕಂಡೆ. ಮಾನ್ವಿ ಬಸ್ಸು ಬರುವ ಜಾಗದಲ್ಲಿ, ಬ್ಯಾಗು ಎದೆಗೆ ಅವುಚಿಕೊಂಡು, ಕಂಬಕ್ಕೆ ತಲೆ ಆನಿಸಿ ನಿಂತೇ ನಿದ್ದೆ ಮಾಡುತ್ತಿದ್ದಳು. ಬಸ್ಸು ಬಂದು ಜನ ನುಗ್ಗಿದಾಗ ಎಚ್ಚರವಾಗಿ ನನ್ನನ್ನು ನೋಡಿದಳು. ಎಷ್ಟು ದಿನ ಹೀಗೆ ಎಂದು ಕೇಳಿದೆ. ನಡೀತದ ಬಿಡ್ರಿ ಅಕ್ಕಾರ ಎಂದು ನಕ್ಕು, ಸೀಟಿಗಾಗಿ ಓಡಿದಳು.

ಮನೆಗೆ ನಡೆದು ಹೋಗುವಾಗಲೇ ನನಗೆ ಗೊತ್ತಾಯಿತು. ಇದು ಬಹಳ ದಿನ ನಡೆಯುವುದಲ್ಲ. ತಮ್ಮ ಇವತ್ತಲ್ಲ ನಾಳೆ ರಾಯಚೂರಿಗೆ ಬರಲೇಬೇಕು. ಯಾರದೂ ತಪ್ಪಿಲ್ಲ, ಯಾರಿಗೂ ಯಾರ ಮೇಲೂ ಬೇಸರವಿಲ್ಲ. ಆದರೂ ಅಡುಗೆ ಎರಡಾಗುತ್ತದೆ. ಎರಡಾದ ಮೇಲೆ ನನ್ನ ತವರು ಯಾವುದು? ಹುಚ್ಚಿ, ತವರು ನಿನ್ನ ಮನೆಯ ಹತ್ತಿರಕ್ಕೇ ಬರುತ್ತದಲ್ಲ ಎಂದು ಗಂಡ ಅಂದ. ಲೆಕ್ಕಕ್ಕೆ ಅದು ಸರಿ. ನನಗೆ ಮಾತ್ರ ಆ ಲೆಕ್ಕ ಒಪ್ಪಿಗೆಯಾಗಲಿಲ್ಲ. ಅಣ್ಣ ತಮ್ಮ ಒಂದು ಪಡಸಾಲೆಯಲ್ಲಿ, ಅವರ ಹೆಂಡಿರಿಬ್ಬರು ಒಂದು ಒಲೆಯ ಮುಂದೆ. ಅದು ಇದ್ದರೆ ತವರು, ಇಲ್ಲದಿದ್ದರೆ ಇಬ್ಬರು ನೆಂಟರ ಮನೆ. ಹೀಗೆ ಇತ್ತು ನನ್ನ ಹಟ.

ಭಯವಾದದ್ದನ್ನೆಲ್ಲ ಸಿನಿಮಾ ಮಾಡುವುದು ನನ್ನ ಚಾಳಿ. ಒಟ್ಟಿಗೆ ಇದ್ದ ಅಣ್ಣ ತಮ್ಮ ಜಗಳವಿಲ್ಲದೆ ಬೇರೆಯಾಗುವ ಕಥೆ ಮಾಡಿದೆ. ಮಾನ್ವಿಗೆ ಹೋಗಿ ಇಬ್ಬರಿಗೂ ಹೇಳಿದೆ. ಪಾತ್ರ ನೀವೇ ಮಾಡಬೇಕು, ಮನೆ ಇದೇ ಆಗಬೇಕು ಎಂದೆ. ತಮ್ಮ ನೆಲ ನೋಡಿದ. ಅಣ್ಣ ನನ್ನನ್ನು ಸ್ವಲ್ಪ ಹೊತ್ತು ನೋಡಿ, ಇದರಲ್ಲಾದರೂ ಯಾರಾದರೂ ಎದ್ದು ಎಲ್ಲಿಗಾದರೂ ಹೋಗುತ್ತಾರಲ್ಲ ಎಂದು ಒಪ್ಪಿಕೊಂಡ.

ಚಿತ್ರೀಕರಣ ಸುಗಮವಾಗಿ ನಡೆಯಿತು. ಅಣ್ಣ ಅಷ್ಟು ಚೆನ್ನಾಗಿ ಮಾಡುತ್ತಾನೆಂದು ನಾನು ಅಂದುಕೊಂಡಿರಲಿಲ್ಲ. ಕ್ಯಾಮೆರಾ ಇದೆ ಎನ್ನುವುದನ್ನೇ ಮರೆತು ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದ, ಮಕ್ಕಳನ್ನು ಗದರುತ್ತಿದ್ದ. ಉಳಿದದ್ದು ಒಂದೇ ದೃಶ್ಯ. ಸಂಜೆ, ಪಡಸಾಲೆ, ಇಬ್ಬರೂ ಕೂತಿದ್ದಾರೆ. ಅಣ್ಣನಾದವನು ತಮ್ಮನ ಕಷ್ಟ ನೋಡಿ ತಾನೇ ಬಾಯಿ ಬಿಟ್ಟು ಹೇಳಬೇಕು: ತಮ್ಮಾ, ಇನ್ನ ಬ್ಯಾರೆ ಆಗೋಣು. ತಮ್ಮ, ನಿನ್ನ ಇಷ್ಟ ಅಣ್ಣಾ ಎಂದು ಎದ್ದು ಹೋಗಬೇಕು. ಇಡೀ ಸಿನಿಮಾದಲ್ಲಿ ನಾನು ಬರೆದ ಮಾತು ಅಷ್ಟೇ.

ಅಣ್ಣ "ತಮ್ಮಾ, ಇನ್ನ" ಎಂದು ನಿಲ್ಲಿಸಿ ನೀರು ಕೇಳಿದ. ನೀರು ಕುಡಿದ. ಮತ್ತೆ ಶುರು ಮಾಡಿದ, ಮತ್ತೆ ಅಲ್ಲಿಗೇ ನಿಂತ. ಎಲೆ ಅಡಿಕೆ ಉಗುಳಿ ಬರುತ್ತೇನೆಂದು ಹೊರಗೆ ಹೋದ. ಬಂದು ಕೂತು, ಈ ಮಾತನ್ನು ನಾನು ಅನ್ನುವುದು ಬೇಡ, ಅಕ್ಷರದಲ್ಲಿ ಬರೆದು ಕೆಳಗೆ ತೋರಿಸು, ಇಂಗ್ಲಿಷ್ ಪಿಚ್ಚರಿಗೆ ಮಾಡುತ್ತಾರಲ್ಲ ಹಾಗೆ ಎಂದ. ನಾನು ಸಿಡುಕಿದೆ. ಆಗ ಅವನು ಕೈ ಎತ್ತಿ ಬಾಗಿಲ ಚೌಕಟ್ಟಿನ ಮೇಲೆ ತೋರಿಸಿದ. ಅಲ್ಲಿ ಒಂದು ಹಲ್ಲಿ ಇತ್ತು. ನಾವು ಹುಟ್ಟಿದಾಗಿನಿಂದ ಅಲ್ಲಿ ಒಂದಲ್ಲ ಒಂದು ಹಲ್ಲಿ ಇದ್ದೇ ಇದೆ.

"ನಾ ಆ ಮಾತು ಅನ್ನೂದು, ಅದು ಲೊಚ್ ಅನ್ನೂದು ಒಂದಾತು ಅಂದ್ರ?"

ಹಲ್ಲಿ ಲೊಚಗುಟ್ಟಿದರೆ ಆಡಿದ ಮಾತು ನಿಜವಾಗುತ್ತದೆ ಎಂಬುದು ನಮ್ಮಲ್ಲಿ ಕೂಸಿಗೂ ಗೊತ್ತು. ಒಳ್ಳೆಯ ಮಾತಿಗೆ ಲೊಚಗುಟ್ಟಿದರೆ ಅವ್ವ ನೆಲಕ್ಕೆ ಬೆರಳು ತಟ್ಟಿ ಕೃಷ್ಣ ಕೃಷ್ಣ ಎನ್ನುತ್ತಿದ್ದಳು. ಕೆಟ್ಟ ಮಾತನ್ನು ಮಾತ್ರ ಮನೆಯೊಳಗೆ ಆಡಲೇಬಾರದು. ಹಲ್ಲಿ ಕೇಳುತ್ತದೆ, ಮನೆಯ ಗೋಡೆ ಕೇಳುತ್ತದೆ, ಅಸ್ತು ಎನ್ನುತ್ತವೆ. ಇದೆಲ್ಲ ನನಗೂ ಗೊತ್ತು. ಆದರೂ ಇದು ನಟನೆ ಅಣ್ಣಾ, ನಿಜವಾಗಿ ಹೇಳುತ್ತಿಲ್ಲವಲ್ಲ ಎಂದೆ.

"ಹಲ್ಲಿಗಿ ಆಕ್ಟಿಂಗ್ ತಿಳೀತದೇನು?" ಎಂದು ಕೇಳಿದ.

ಧ್ವನಿ ಹಿಡಿಯುವವರು ಹೈದರಾಬಾದಿನವರು. ಕಿವಿಯ ಹೆಡ್‌ಫೋನ್ ತೆಗೆದು, ಇವರು ಹೇಳುವುದು ಸರಿ ಮೇಡಂ, ಆಗಿನಿಂದ ಹಲ್ಲಿ ಸದ್ದು ಕೇಳುತ್ತಲೇ ಇದೆ, ನನ್ನ ಅಮ್ಮಿಯೂ ಇದನ್ನೇ ಹೇಳುತ್ತಿದ್ದಳು ಎಂದರು. ಕ್ಯಾಮೆರಾದವರು ನಗು ತಡೆಯಲು ಲೆನ್ಸ್ ಒರೆಸತೊಡಗಿದರು. ನಾನು ಎಲ್ಲರ ಮೇಲೂ ರೇಗಿ ಅಡುಗೆಮನೆಗೆ ಹೋದೆ. ಅಲ್ಲಿ ಅತ್ತಿಗೆ, ತಮ್ಮನ ಹೆಂಡತಿ ಇಬ್ಬರೂ ನಿಂತಿದ್ದರು. ಇಬ್ಬರ ಮುಖದಲ್ಲೂ ಹಗುರಾದ ಭಾವ. ಸದ್ಯ, ಆಡಲಿಲ್ಲ ಎನ್ನುವಂತೆ. ಖರೆ ಹೇಳಬೇಕೆಂದರೆ ನನಗೂ ಒಳಗೆ ಹಾಗೇ ಆಗಿತ್ತು. ಡೈರೆಕ್ಟರಿಗೆ ಆ ಮಾತು ಬೇಕೇ ಬೇಕಿತ್ತು. ಮನೆಮಗಳಿಗೆ ಅದು ಎಂದಿಗೂ ಬೇಡವಾಗಿತ್ತು.

ಡೈರೆಕ್ಟರ್ ಗೆದ್ದಳು. ಈ ಮನೆಯಲ್ಲಿ ಆಗದಿದ್ದರೆ ಬೇರೆ ಮನೆಯಲ್ಲಿ ಅನ್ನು ಎಂದೆ. ಅದಕ್ಕೆ ಅಣ್ಣನ ಅಡ್ಡಿ ಇರಲಿಲ್ಲ. ಮನೆ ಹುಡುಕುತ್ತ ಹೊರಟೆವು. ಕುರ್ಡಿ ಊರಿನ ದೊಡ್ಡವ್ವನ ಮನೆಯ ಪಡಸಾಲೆ ನಮ್ಮದರ ಹಾಗೇ ಇದೆ. ಆಕೆ ನಮ್ಮನ್ನೆಲ್ಲ ಕೂರಿಸಿ ಊಟ ಹಾಕಿ, ಯಾವ ಮಾತು ಎಂದು ಕೇಳಿ ತಿಳಿದುಕೊಂಡು, ಕೈ ತೊಳೆಯಲು ನೀರು ಕೊಟ್ಟು, ಹೋಗಿಬನ್ನಿ ಎಂದಳು. ಗಿರಣಿಯ ಆಫೀಸಿನಲ್ಲಿ ಮಾಡೋಣವೆಂದರೆ ಅದು ಲಕ್ಷ್ಮಿ ಇರುವ ಜಾಗ ಎಂದು ಅಣ್ಣನೇ ಬೇಡವೆಂದ. ಸರ್ಕಾರಿ ಪ್ರವಾಸಿ ಮಂದಿರ ಕೇಳೋಣವೆಂದೆ. ಅಲ್ಲಿ ಮನೆಗಿಂತ ಹೆಚ್ಚು ಹಲ್ಲಿ ಇವೆ ಎಂದು ತಮ್ಮ ತಿಳಿಸಿದ.

ಕೊನೆಗೆ ದೇವದುರ್ಗದಲ್ಲಿ ಒಂದು ಮನೆ ಸಿಕ್ಕಿತು. ಪರಿಚಯದವರೊಬ್ಬರು ಗೊತ್ತುಮಾಡಿಕೊಟ್ಟ ಹಳೆಯ ಮನೆ. ಯಜಮಾನಿ ವಯಸ್ಸಾದವಳು, ಗಟ್ಟಿಗಿತ್ತಿ. ಸಿನಿಮಾದವರು ಎಂದರೆ ಆಕೆಗೆ ಬಲು ಖುಷಿ. ಎರಡು ಕಾರಿನಲ್ಲಿ ಎಲ್ಲ ಸಾಮಾನು ತುಂಬಿಕೊಂಡು ಹೋದೆವು. ಆಕೆ ತಾನೇ ಪಡಸಾಲೆ ಗುಡಿಸಿ ಜಮಖಾನ ಹಾಸಿದ್ದಳು. ಲೈಟು ಇಟ್ಟು, ಮೈಕು ಕಟ್ಟಿ, ಅಣ್ಣ ತಮ್ಮಂದಿರನ್ನು ಕೂರಿಸಿದ ಮೇಲೆ ಆಕೆ ಬಂದು ಏನು ಆಟ ಎಂದು ಕೇಳಿದಳು. ಅಣ್ಣನೇ ಮೆಲ್ಲಗೆ ವಿವರಿಸಿದ. ಅವನು ವಿವರಿಸಿದ ರೀತಿ ನೋಡಿದರೆ ಬೇಕೆಂತಲೇ ಹೇಳಿದನೋ ಏನೋ ಎಂದು ನನಗೆ ಈಗಲೂ ಅನುಮಾನವಿದೆ.

ಯಜಮಾನಿ ನನ್ನ ಕಡೆ ತಿರುಗಿದಳು.

"ಯವ್ವಾ, ಸಾಯೂ ಆಟ ಆಡಸು, ಬ್ಯಾಡ ಅನ್ನೂದಿಲ್ಲ. ಸತ್ತಂಗ ಮಾಡಿದ್ರ ಆಯುಷ್ಯ ಹೆಚ್ಚಾಗತದ. ಕುಡುದು ಬಂದು ಬಡದಾಡೂ ಆಟ ಆಡಸು. ಖರೆ ಈ ಮಾತು ನನ್ನ ಹೊಸ್ತಲದ ಒಳಗ ಬ್ಯಾಡ. ನನಗೂ ಇಬ್ಬರು ಗಂಡಮಕ್ಕಳು ಅದಾರ."

ನಾನು ಏನೇನೋ ಹೇಳಿ ನೋಡಿದೆ. ಆಕೆ ಕೋಪ ಮಾಡಿಕೊಳ್ಳಲಿಲ್ಲ. ಚಹಾ ಮಾಡಿಸಿದಳು, ಮಂಡಕ್ಕಿಗೆ ಒಗ್ಗರಣೆ ಹಾಕಿಸಿದಳು, ಜಮಖಾನ ಮಾತ್ರ ತಾನೇ ಸುತ್ತಿ ಒಳಗಿಟ್ಟಳು. ನಾವು ಲೈಟು ಬಿಚ್ಚಿ ಮತ್ತೆ ಕಾರಿಗೆ ತುಂಬಿದೆವು. ಇಡೀ ಜಿಲ್ಲೆಯಲ್ಲಿ ಆ ಒಂದು ಮಾತಿಗೆ ಜಾಗ ಕೊಡುವ ಮನೆ ಇಲ್ಲವಲ್ಲ ಎಂದು ನಾನು ತಲೆ ಮೇಲೆ ಕೈ ಹೊತ್ತು ಕೂತೆ. ಸಿನಿಮಾ ಅಲ್ಲಿಗೆ ನಿಂತುಹೋಗುತ್ತದೆ ಎನಿಸಿತು. ಕ್ಯಾಮೆರಾದವರಿಗೆ ಮರುದಿನವೇ ಇನ್ನೊಂದು ಕೆಲಸಕ್ಕೆ ಹೊರಡಬೇಕಿತ್ತು.

ವಾಪಸು ಹೊರಟಾಗ ಅಣ್ಣನ ಕಾರನ್ನು ತಮ್ಮ ಓಡಿಸುತ್ತಿದ್ದ, ಅಣ್ಣನಿಗೆ ಓಡಿಸಲು ಬರುವುದಿಲ್ಲ. ಅಣ್ಣ ಅವನ ಪಕ್ಕ. ಹಿಂದೆ ಕ್ಯಾಮೆರಾದವರು, ಧ್ವನಿಯವರು, ನಡುವೆ ನಾನು. ಊರು ದಾಟಿದ ಮೇಲೆ ಕ್ಯಾಮೆರಾದವರು ಚೇಷ್ಟೆಗೆ ಅಂದರು, ಕಾರಿನಲ್ಲಿ ಹಲ್ಲಿ ಇರುವುದಿಲ್ಲವಲ್ಲ ಎಂದು. ಯಾರೂ ನಗಲಿಲ್ಲ. ಅಣ್ಣ ತಲೆ ಎತ್ತಿ ಕಾರಿನ ಚಾವಣಿ ನೋಡಿದ. ಮುಂದಿನ ಡಬ್ಬಿ ತೆಗೆದು ಕೈ ಆಡಿಸಿ ನೋಡಿದ. ಸೀಟಿನ ಕೆಳಗೂ ಬಗ್ಗಿ ನೋಡಿದ. ಆಮೇಲೆ ಕಿಟಕಿಯಿಂದ ಹೊರಗೆ, ಹತ್ತಿಯ ಹೊಲಗಳನ್ನು ನೋಡುತ್ತ ಹೇಳಿದ, ಇದು ಯಾರ ಮನೆಯೂ ಅಲ್ಲ, ರಸ್ತೆ. ಇಲ್ಲಿ ಆದರೆ ಆದೀತು.

ನನಗೆ ಗಾಬರಿಯಾಯಿತು. ಇನ್ನು ಆಗುವುದಿಲ್ಲ ಎಂದುಕೊಂಡಿದ್ದ ಮಾತು ಈಗ ಆಗಿಯೇಬಿಡುತ್ತದೆ. ಆದರೂ ಕ್ಯಾಮೆರಾ ತೆಗೆಯಿರಿ ಎಂದೆ. ಸೀಟುಗಳ ನಡುವಿನಿಂದ ಇಬ್ಬರ ಅರ್ಧರ್ಧ ಮುಖ ಕಾಣುತ್ತಿತ್ತು. ಇಳಿಹೊತ್ತಿನ ಬಿಸಿಲು ಅಣ್ಣನ ಕೆನ್ನೆಯ ಮೇಲಿತ್ತು. ಕಾರಿನಲ್ಲಿ ನಾನು ಕೂಗಿ ಕಟ್ ಅನ್ನುವ ಹಾಗಿರಲಿಲ್ಲ. ನಿಲ್ಲಿಸಬೇಕಾದಾಗ ಭುಜ ಒತ್ತುತ್ತೇನೆಂದು ಕ್ಯಾಮೆರಾದವರ ಭುಜದ ಮೇಲೆ ಕೈ ಇಟ್ಟು ಕೂತೆ.

ಅಣ್ಣ ಮೊದಲು ಈ ಸಲದ ಹತ್ತಿ ಬಗ್ಗೆ ಏನೋ ಅಂದ. ತಮ್ಮ ಹ್ಞೂಂ ಅಂದ. ಕಾಲುವೆಯ ಸೇತುವೆ ದಾಟಿತು, ಹತ್ತಿ ಮುಗಿದು ಭತ್ತದ ಗದ್ದೆಗಳು ಶುರುವಾದವು. ಮರೆತನೇನೋ ಎಂದುಕೊಂಡೆ. ಮರೆತಿರಲಿ ಎಂದೂ ಅಂದುಕೊಂಡೆ. ಆಗ ಅಣ್ಣ ಮುಂದಿನ ರಸ್ತೆ ನೋಡುತ್ತಲೇ, ಬಸ್ಸಿನ ವೇಳೆ ಹೇಳುವ ದನಿಯಲ್ಲಿ ಹೇಳಿದ.

"ತಮ್ಮಾ, ಇನ್ನ ಬ್ಯಾರೆ ಆಗೋಣು."

ನಿನ್ನ ಇಷ್ಟ ಅಣ್ಣಾ ಎಂದು ತಮ್ಮ ಅನ್ನಬೇಕಿತ್ತು. ಅವನು ಅನ್ನಲಿಲ್ಲ. ಕಾರಿನ ವೇಗ ಕಡಿಮೆಯಾಯಿತು. ಎದುರಿಗೆ ಹೊಟ್ಟು ತುಂಬಿದ ಲಾರಿಯೊಂದು ಬಂದು, ನಮ್ಮ ಮೇಲೆಲ್ಲ ಧೂಳು ಹಾರಿಸಿ ಹೋಯಿತು. ಧೂಳು ಇಳಿದ ಮೇಲೆ ತಮ್ಮ ಹೇಳಿದ.

"ಅಣ್ಣಾ, ರಾಯಚೂರಾಗ ಒಂದು ಮನಿ ನೋಡೀನಿ. ನಿನಗ ಹ್ಯಾಂಗ ಹೇಳಬೇಕು ತಿಳೀಲಾರದ ಸುಮ್ಕ ಇದ್ದೆ."

ಇದು ಸಿನಿಮಾ ಅಲ್ಲ ಎಂದು ಕಾರಿನಲ್ಲಿದ್ದ ಎಲ್ಲರಿಗೂ ತಿಳಿಯಿತು. ನನ್ನ ಕೈ ಕ್ಯಾಮೆರಾದವರ ಭುಜದ ಮೇಲೇ ಇತ್ತು, ಒತ್ತಲು ಆಗಲಿಲ್ಲ. ನನ್ನ ತವರು ನನ್ನ ಕಣ್ಣ ಮುಂದೆ, ನನ್ನದೇ ಸಿನಿಮಾದೊಳಗೆ ಎರಡಾಗುತ್ತಿತ್ತು. ಅಣ್ಣ ಏನನ್ನುತ್ತಾನೋ ಎಂದು ಅವನ ಕೆನ್ನೆಯನ್ನೇ ನೋಡುತ್ತಿದ್ದೆ. ಅವನು ಎಲೆ ಅಡಿಕೆಯ ಚೀಲ ತೆಗೆದ, ತೆರೆಯಲಿಲ್ಲ, ತೊಡೆಯ ಮೇಲೆ ಇಟ್ಟುಕೊಂಡ.

"ನನಗ ಗೊತ್ತದ. ಹ್ವಾದ ವಾರ ನಾನೂ ಹೋಗಿ ನೋಡಿ ಬಂದೀನಿ. ಮನಿ ಚೊಲೋ ಅದ, ನೀರು ಬರೋಬ್ಬರಿ ಬರ್ತಾವ. ಖರೆ ಅಡಿಗಿ ಮನ್ಯಾಗ ಬೆಳಕು ಕಡಿಮಿ. ಮಾಲಕಗ ಒಂದು ಕಿಡಕಿ ಮಾಡಸಾಕ ಹೇಳೀನಿ."

ತಮ್ಮ ಒಂದು ಕೈಯಲ್ಲಿ ಕಾರು ಓಡಿಸುತ್ತ ಇನ್ನೊಂದು ಕೈಯಿಂದ ಮೂಗು ಒರೆಸಿಕೊಂಡ. ಧ್ವನಿಯವರು ಹೆಡ್‌ಫೋನ್ ಕಿವಿಗೆ ಒತ್ತಿ ಹಿಡಿದು ಕಣ್ಣು ಮುಚ್ಚಿ ಕೂತಿದ್ದರು. ಕ್ಯಾಮೆರಾ ಸಿರವಾರದವರೆಗೂ ನಡೆದೇ ಇತ್ತು. ಕಟ್ ಅಂದವರು ಯಾರೂ ಇಲ್ಲ, ಬ್ಯಾಟರಿ ಮುಗಿದು ತಾನೇ ನಿಂತಿತು.

ಸಿರವಾರದಲ್ಲಿ ಅಣ್ಣ ಕಾರು ನಿಲ್ಲಿಸು ಎಂದ. ಸಂತೆಯ ದಿನವಲ್ಲ, ಅಂಗಡಿಗಳ ಮುಂದೆ ಜನ ಕಡಿಮೆ ಇದ್ದರು. ಬಾಣಲೆಯಿಂದ ಆಗತಾನೇ ತೆಗೆದ ಮಿರ್ಚಿ ಭಜಿ ಹೇಳಿದ ಎಲ್ಲರಿಗೂ. ಅಣ್ಣ ತಮ್ಮ ಇಬ್ಬರೂ ಒಂದೇ ಬೆಂಚಿನ ಮೇಲೆ ಕೂತು, ಗಿರಣಿಯ ಯಾವುದೋ ಬೆಲ್ಟ್ ಬದಲಿಸುವ ವಿಷಯ ಮಾತಾಡುತ್ತ ತಿಂದರು. ಏನೂ ಆಗಿಲ್ಲವೆಂಬಂತೆ. ನಾನು ಮಾತ್ರ ಮಿರ್ಚಿಯನ್ನು ಚೂರು ಮಾಡುತ್ತ ಕೂತೆ. ಅಣ್ಣ ನೋಡಿದ, ತನ್ನ ತಟ್ಟೆಯದೂ ಒಂದು ಮಿರ್ಚಿ ನನ್ನ ತಟ್ಟೆಗೆ ಹಾಕಿದ. ಖಾರ ನೆತ್ತಿಗೇರಿತು ಎಂದು ಹೇಳಿ ಅಳುವುದಕ್ಕೆ ನನಗೆ ಒಳ್ಳೆಯ ಅನುಕೂಲವಾಯಿತು.

ಮರುದಿನ ಬೆಳಿಗ್ಗೆ ಗಿರಣಿಗೆ ಹೋಗಿ ಅಣ್ಣನನ್ನು ಕೇಳಿದೆ. ಅದು ಮನೆಯ ಮಾತು, ಸಿನಿಮಾದಲ್ಲಿ ಹಾಕುವುದಿಲ್ಲ, ಕ್ಯಾಮೆರಾದವರು ವಾಪಸು ಬಂದ ಮೇಲೆ ಇನ್ನೊಮ್ಮೆ ಚಿತ್ರೀಕರಣ ಮಾಡೋಣ ಎಂದೆ. ಅವನು ಅಕ್ಕಿ ಅಂಗೈಗೆ ಹಾಕಿಕೊಂಡು ನುಚ್ಚು ಎಷ್ಟಿದೆ ನೋಡುತ್ತಿದ್ದ. ತಲೆ ಎತ್ತಲಿಲ್ಲ.

"ಅದನ್ನ ಹಾಕು. ಇನ್ನೊಮ್ಮಿ ಅನ್ನಾಕ ನನ್ನ ಕೈಲೆ ಆಗೂದಿಲ್ಲ."

ತಮ್ಮನೂ ಹ್ಞೂಂ ಅಂದ. ಹಾಗಾಗಿ ಅದು ಹಾಗೆಯೇ ಇದೆ ಸಿನಿಮಾದಲ್ಲಿ, ಲಾರಿಯ ಧೂಳಿನ ಸಮೇತ. ನನ್ನ ಸಿನಿಮಾಗಳಲ್ಲಿ ಅದೇ ಹೆಚ್ಚು ಊರು ತಿರುಗಿದ್ದು, ಹೆಚ್ಚು ಜನ ನೋಡಿದ್ದು. ಮುಂದಿನ ಸಿನಿಮಾಗಳಿಗೆ ದಾರಿ ಮಾಡಿಕೊಟ್ಟದ್ದೂ ಅದೇ. ಎಲ್ಲಿ ಹೋದರೂ ಯಾರಾದರೂ ಎದ್ದು ನಿಂತು ಆ ಅಡುಗೆಮನೆಯ ಕಿಟಕಿಯ ಮಾತು ಕೇಳುತ್ತಾರೆ. ಎಷ್ಟು ಸೂಕ್ಷ್ಮವಾಗಿ ಬರೆದಿದ್ದೀರಿ, ಅದು ಹೇಗೆ ಹೊಳೆಯಿತು ಎನ್ನುತ್ತಾರೆ. ನಾನು ಬರೆದದ್ದಲ್ಲ ಎಂದರೆ ವಿನಯ ಎಂದುಕೊಳ್ಳುತ್ತಾರೆ. ವಿನಯ ನನಗೆ ಆಗಿಬರುವುದಿಲ್ಲ, ನನ್ನ ಗಂಡನನ್ನು ಕೇಳಿ.

ಆಮೇಲೆ ನನ್ನ ಕೆಲಸದ ರೀತಿ ಒಂದಿಷ್ಟು ಬದಲಾಯಿತು. ಈಗ ಯಾವ ಮನೆಗೆ ಹೋಗಿ ಕೂತರೂ ಮೊದಲು ಒಂದು ವಿಷಯ ಗಮನಿಸುತ್ತೇನೆ. ಈ ಮನೆಯವರು ಯಾವ ಮಾತನ್ನು ಮನೆಯೊಳಗೆ ಆಡಗೊಡುವುದಿಲ್ಲ? ಅದು ಸಿಕ್ಕಿದರೆ ಕಥೆ ಸಿಕ್ಕ ಹಾಗೆ. ಒಂದು ಮನೆಯಲ್ಲಿ ಅದು ಸತ್ತ ಮಗುವಿನ ಹೆಸರು, ಇನ್ನೊಂದರಲ್ಲಿ ಒಂದು ಊರಿನ ಹೆಸರು. ಆ ಮಾತನ್ನು ಅವರ ಬಾಯಿಂದ ಆಡಿಸಬೇಕೆಂಬ ಹಟ ಈಗ ಇಲ್ಲ. ಅದರ ಸುತ್ತ ಜನ ಹೇಗೆ ಕೂಡುತ್ತಾರೆ, ಏಳುತ್ತಾರೆ, ಅಷ್ಟನ್ನೇ ಹಿಡಿಯುತ್ತೇನೆ. ಇದನ್ನು ನನಗೆ ಕಲಿಸಿದವರಿಗೆ ಕಲಿಸಿದ್ದೇವೆಂದು ಗೊತ್ತಿಲ್ಲ. ದೇವದುರ್ಗದ ಆ ಯಜಮಾನಿಗೆ ಸಿನಿಮಾ ತೋರಿಸಲು ಹೋದಾಗ, ಆಕೆ ನೋಡಿ ಮುಗಿಸಿ, ರಸ್ತೆಯಲ್ಲಿ ಆಡಿಸಿದ್ದು ಚಲೋ ಆಯಿತು ನೋಡು ಎಂದು ನನ್ನ ಉಡಿಗೆ ಒಂದು ತೆಂಗಿನಕಾಯಿ ಹಾಕಿ ಕಳಿಸಿದಳು. ನಾನು ಆಕೆಯ ಕಾಲಿಗೆ ಬಿದ್ದೆ. ನನಗೆ ಸಿಕ್ಕ ಸನ್ಮಾನಗಳಲ್ಲಿ ನಾನು ಬಗ್ಗಿ ತೆಗೆದುಕೊಂಡದ್ದು ಅದೊಂದೇ ಇರಬೇಕು.

ಸಿನಿಮಾ ಸಿದ್ಧವಾಗುವ ಮುಂಚೆಯೇ, ಮಕ್ಕಳ ಪರೀಕ್ಷೆ ಮುಗಿದ ಮೇಲೆ, ತಮ್ಮ ರಾಯಚೂರಿನಲ್ಲಿ ಮನೆ ಮಾಡಿದ. ಗಿರಣಿಗೆಂದು ಬಸ್ಸಿನಲ್ಲಿ ಓಡಾಡುವ ಪಾಳಿ ಈಗ ಅವನದಾಯಿತು. ಸಾಮಾನು ಪಾಲು ಮಾಡುವಾಗ ಒಂದು ಮಾತೂ ಏರಲಿಲ್ಲವೆಂದು ಅತ್ತಿಗೆ ನನಗೆ ಫೋನಿನಲ್ಲಿ ಹೇಳಿದಳು. ಇಬ್ಬರೂ ನೀ ಒಯ್ಯಿ, ನೀ ಇಟ್ಟುಕೋ ಎನ್ನುತ್ತಿದ್ದುದರಲ್ಲಿ ಹಿತ್ತಾಳೆಯ ಹಂಡೆಯೊಂದು ಟೆಂಪೋ ಹೇಗೆ ಹತ್ತಿತೋ ಹಾಗೇ ಇಳಿಯಿತಂತೆ. ಹಾಲು ಉಕ್ಕಿಸುವ ದಿನ ನಾನೂ ಹೋದೆ. ಹೋಗದೆ ಇರುವುದಾದರೂ ಹೇಗೆ, ಅದು ನನ್ನ ಮನೆಯಿಂದ ನಡೆದು ಹೋಗುವಷ್ಟು ದೂರ. ಹೊರಡುವಾಗ ಮನಸ್ಸು ಗಟ್ಟಿ ಮಾಡಿಕೊಂಡಿದ್ದೆ. ನೆಂಟಳ ಹಾಗೆ ಹೋಗುವುದು, ನೆಂಟಳ ಹಾಗೆ ಉಂಡು ಬರುವುದು. ಕ್ಯಾಮೆರಾ ಒಯ್ಯಲಿಲ್ಲ.

ಹೊರಗಿನ ಕೋಣೆಯಲ್ಲೇ ಕುರ್ಚಿ ಹಿಡಿದು ಕೂತೆ. ಒಳಗಿನಿಂದ ಅಣ್ಣ ಬಂದ. ಮಾನ್ವಿಯಿಂದ ಬೆಳಗಿನ ಮೊದಲ ಬಸ್ಸಿಗೇ ಅತ್ತಿಗೆಯನ್ನು ಕರೆದುಕೊಂಡು ಬಂದಿದ್ದನಂತೆ.

"ಮನಿ ಮಗಳು ಕುರ್ಚಿ ಹಿಡದು ಕುಂತ್ರ ಹಾಲು ಯಾರು ಉಕ್ಕಸಬೇಕು?" ಎಂದ.

ನನಗೆ ನಿಜವಾಗಿ ಮರೆತುಹೋಗಿತ್ತು. ಹೊಸ ಮನೆಯ ಒಲೆ ಹಚ್ಚುವುದು, ಹಾಲು ಉಕ್ಕಿಸುವುದು ಆ ಮನೆಯ ಹೆಣ್ಣುಮಗಳ ಹಕ್ಕು. ಅವ್ವ ಇದ್ದಿದ್ದರೆ ನೆನಪು ಮಾಡುತ್ತಿದ್ದಳು. ಅಡುಗೆಮನೆಗೆ ಹೋದೆ. ತಮ್ಮನ ಹೆಂಡತಿ ಹಾಲಿನ ಪಾತ್ರೆಗೆ ಅರಿಶಿನ ಕುಂಕುಮ ಹಚ್ಚಿ ಇಟ್ಟಿದ್ದಳು. ಬೆಂಕಿಪೊಟ್ಟಣ ನನ್ನ ಕೈಗೆ ಕೊಟ್ಟಳು. ಬೇಡ ಬೇಡ ಎಂದು ವರ್ಷಗಟ್ಟಲೆ ಹೆದರಿದ ಎರಡನೇ ಒಲೆ. ಅದನ್ನು ನನ್ನ ಕೈಯಿಂದಲೇ ಹಚ್ಚಿದೆ.

ಹಾಲು ಕಾಯತೊಡಗಿತು. ಎಲ್ಲರೂ ಅದನ್ನೇ ನೋಡುತ್ತ ನಿಂತೆವು. ಆಗ ತಮ್ಮ, ಈ ಸಲ ಪಂಚಮಿಗೆ ಅಕ್ಕ ಇಲ್ಲಿಗೇ ಬರಲಿ ಎಂದ. ಕೊಟ್ಟ ಹೆಣ್ಣುಮಕ್ಕಳು ತವರಿಗೆ ಬರುವ ಹಬ್ಬ ಅದು. ಅಣ್ಣ ತಿರುಗಿ ನೋಡಿದ. ಇಲ್ಲಿಗ್ಯಾಕೆ, ಆಕೆ ಮಾನ್ವಿಗೆ ಬರುತ್ತಾಳೆ ಎಂದ. ಅಕ್ಕ ಇದೇ ಊರಿನಲ್ಲಿ ಇರುವಾಗ ಅಷ್ಟು ದೂರ ಯಾಕೆ ಹೋಗಬೇಕು, ಹಬ್ಬದ ಬಸ್ಸಿನಲ್ಲಿ ಕಾಲಿಡಲೂ ಜಾಗವಿರುವುದಿಲ್ಲ ಎಂದು ತಮ್ಮ ವಾದಿಸಿದ. ಅಣ್ಣನ ದನಿ ಏರಿತು.

"ಊರಾಗ ಇದ್ದಾಕಿನ್ನ ಕರಿಯೂದೇನಲೇ? ಪಂಚಮಿಗಿ ಹೆಣ್ಮಗಳು ಬಸ್ ಹತ್ತಿ ಬರಬೇಕು. ನಾ ಬಂದು ಕರಕೊಂಡು ಹೋಗತೀನಿ."

"ನೀ ಬರೂದರಾಗ ನಾ ಕರಕೊಂಡು ಬಂದಿರತೀನಿ."

ಪಾತ್ರೆ ಪಗಡಿ ಎಲ್ಲ ಪಾಲು ಮಾಡಿಕೊಳ್ಳುವಾಗ ಸದ್ದೇ ಮಾಡದವರು, ಹುಟ್ಟಿದ ಮೇಲೆ ಎದುರು ಮಾತಾಡಿಕೊಂಡದ್ದನ್ನು ನಾನು ಕಾಣದವರು, ಆ ಹೊಸ ಅಡುಗೆಮನೆಯಲ್ಲಿ ಜೋರಾಗಿ ಜಗಳವಾಡತೊಡಗಿದರು. ಅಣ್ಣನ ಕೊರಳ ನರ ಉಬ್ಬಿತ್ತು, ತಮ್ಮ ಕಣ್ಣು ಬಿಟ್ಟು ಎದುರಿಗೆ ನಿಂತಿದ್ದ. ಅವರ ಹೆಂಡಿರಿಬ್ಬರೂ ಬಾಯಿಗೆ ಸೆರಗು ಒತ್ತಿಕೊಂಡು ನಗುತ್ತಿದ್ದರು. ಬಿಡಿಸಬೇಕಾದವಳು ನಾನು. ನಾನು ಬಿಡಿಸಲಿಲ್ಲ. ಇನ್ನೊಂದಿಷ್ಟು ಹೊತ್ತು ಆಡಲಿ ಎನಿಸಿತು.

ಅಷ್ಟರಲ್ಲಿ ಚುರ್ ಎಂದು ಸದ್ದಾಯಿತು. ಹಾಲು ಉಕ್ಕಿ, ಸುರಿದು, ಒಲೆ ಆರಿಹೋಗಿತ್ತು. ತಮ್ಮನ ಹೆಂಡತಿ ಮುಂದೆ ಬಂದು, ಅಕ್ಕಾರ, ಯಾವ ದಿಕ್ಕಿಗಿ ಉಕ್ಕಿತು ಎಂದು ಕೇಳಿದಳು. ಮೂಡಣಕ್ಕೆ ಉಕ್ಕಿದರೆ ಒಳ್ಳೆಯದು, ಹೇಳಬೇಕಾದವಳು ಮುಂದೆ ನಿಂತ ನಾನು. ನನಗೆ ಗೊತ್ತಿರಲಿಲ್ಲ.

"ಆಕಿನ್ನ ಏನ ಕೇಳತಿ ಯವ್ವಾ," ಎಂದ ಅಣ್ಣ, ಇನ್ನೂ ಏರಿದ್ದ ದನಿಯಲ್ಲೇ. "ಆಕಿ ಮಂದಿ ಮಾರಿ ನೋಡತಾಳ, ಹಾಲು ನೋಡೂದಿಲ್ಲ."

ನಿಜ. ನಾನು ಅವರಿಬ್ಬರ ಮುಖವನ್ನೇ ನೋಡುತ್ತಿದ್ದೆ.